ಮುದಿ ಫಿರಂಗಿ, ಹೊಸ ಹಡಗು: ನಾರ್ವೆ ಯುದ್ಧಕ್ಕೆ ಇಳಿದ ಬೆಳಗು

(ನಮ್ಮೂರಿನ ವಾಚನಾಲಯದಲ್ಲಿ ಒಂದು ಭಾನುವಾರ ಆಡಿದ ಮಾತಿನ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇನೆ.)

ಕರಪತ್ರದಲ್ಲಿ ‘ತಟಸ್ಥ ದೇಶದ ಮೇಲೆ ಹಠಾತ್ ದಾಳಿ’ ಅಂತ ಅಚ್ಚಾಗಿದೆ. ಅದನ್ನು ನೋಡಿ ಬಾಗಿಲಲ್ಲೇ ಇಬ್ಬರು ನನ್ನನ್ನು ಕೇಳಿದರು, “ಪರ್ಲ್ ಹಾರ್ಬರ್ ತಾನೇ?” ಅಂತ. ಅಲ್ಲ. ಪರ್ಲ್ ಹಾರ್ಬರ್ ಕತೆ ಎಲ್ಲರಿಗೂ ಗೊತ್ತು. ನಾನು ಅದಕ್ಕಿಂತ 20 ತಿಂಗಳು ಹಿಂದೆ ಹೋಗುತ್ತೇನೆ. 1940ರ ಏಪ್ರಿಲ್ 9, ಮಂಗಳವಾರ. ಜಾಗ ನಾರ್ವೆ. ಅವತ್ತು ಬೆಳಗಿನ ಜಾವ ನಾಲ್ಕರಿಂದ ಮುಂದಿನ ಎರಡು ಮೂರು ದಿನ, ಅಷ್ಟೇ ನನ್ನ ವಿಷಯ.

ನನ್ನನ್ನು ಬಹಳ ದಿನದಿಂದ ಕಾಡುತ್ತಿರುವ ಒಂದು ಪ್ರಶ್ನೆ ಇದೆ. ಒಂದು ದೇಶ ಯುದ್ಧಕ್ಕೆ ಇಳಿಯಿತು ಅನ್ನುತ್ತೇವೆ. ಇಳಿಸಿದ್ದು ಯಾರು? ಬಂದು ಹೊಡೆದವನಾ? ಹೊಡೆದಾಗ ತಿರುಗಿ ನಿಂತವನಾ? ನಮ್ಮ ದೇಶದ್ದೇ ನೋಡಿ. 1939ರ ಸೆಪ್ಟೆಂಬರ್ 3ರಂದು ವೈಸ್‌ರಾಯ್ ಲಿನ್‌ಲಿತ್‌ಗೋ ಭಾರತವೂ ಯುದ್ಧದಲ್ಲಿದೆ ಅಂತ ಸಾರಿಬಿಟ್ಟರು. ಇಲ್ಲಿನ ಯಾವ ನಾಯಕರನ್ನೂ ಕೇಳಲಿಲ್ಲ. ನಮ್ಮನ್ನು ಯಾರೂ ಹೊಡೆದಿರಲಿಲ್ಲ, ನಾವು ಯಾರಿಗೂ ತಿರುಗಿ ಹೊಡೆದಿರಲಿಲ್ಲ. ಆದರೂ ಯುದ್ಧದಲ್ಲಿದ್ದೆವು. ನಾರ್ವೆಯಲ್ಲಿ ಹಾಗಾಗಲಿಲ್ಲ. ಅಲ್ಲಿ ಇಂಥವರು, ಇಷ್ಟು ಗಂಟೆಗೆ ಯುದ್ಧಕ್ಕೆ ಹೂಂ ಅಂದರು ಅಂತ ಬೆರಳಿಟ್ಟು ತೋರಿಸಬಹುದು.

ಮೊದಲು ಸ್ವಲ್ಪ ಹಿನ್ನೆಲೆ. ನಾರ್ವೆ ಆಗ ಎಳೆಯ ದೇಶ. 1905ರಲ್ಲಿ ಸ್ವೀಡನ್ನಿನ ಜೊತೆಗಿದ್ದ ಒಕ್ಕೂಟದಿಂದ ಹೊರಬಂದಿತ್ತು. ತಮಗೊಬ್ಬ ರಾಜ ಬೇಕೇ ಅಂತ ಜನಮತ ಕೇಳಿ, ಬೇಕು ಅಂದ ಮೇಲೆ ಡೆನ್ಮಾರ್ಕಿನ ಒಬ್ಬ ರಾಜಕುಮಾರನನ್ನು ಕರೆತಂದರು. ಅವನೇ ಏಳನೇ ಹೋಕನ್. ಮತ ಹಾಕಿ ತಂದುಕೊಂಡ ರಾಜ ಅನ್ನಿ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ. ಮೊದಲ ಮಹಾಯುದ್ಧದಲ್ಲಿ ನಾರ್ವೆ ಯಾರ ಪಕ್ಷವೂ ಹಿಡಿಯಲಿಲ್ಲ. ಆದರೂ ಅದರ ಸುಮಾರು 2,000 ನಾವಿಕರು ಸಮುದ್ರದಲ್ಲಿ ಸತ್ತರು. ತಟಸ್ಥವಾಗಿದ್ದರೂ ಪೆಟ್ಟು ತಪ್ಪಲಿಲ್ಲ. ಆದರೂ ದೇಶ ಉಳಿಯಿತಲ್ಲ, ಈ ಸಲವೂ ಹಾಗೇ ಪಾರಾಗುತ್ತೇವೆ ಅನ್ನುವುದು ಅವರ ಲೆಕ್ಕ.

ಲೆಕ್ಕ ತಪ್ಪಿಸಿದ್ದು ಕಬ್ಬಿಣದ ಅದಿರು. ಅದಿರು ನಾರ್ವೆಯದಲ್ಲ, ಪಕ್ಕದ ಸ್ವೀಡನ್ನಿನ ಕಿರುನಾ, ಯೆಲ್ಲಿವಾರೆ ಗಣಿಗಳದ್ದು. ಜರ್ಮನಿ ವರ್ಷಕ್ಕೆ ಸುಮಾರು 1 ಕೋಟಿ ಟನ್ ತರಿಸಿಕೊಳ್ಳುತ್ತಿತ್ತು. ಬೇಸಿಗೆಯಲ್ಲಿ ಸ್ವೀಡನ್ನಿನ ಲೂಲಿಯೋ ಬಂದರಿನಿಂದ ಹಡಗು ಹೊರಡುತ್ತವೆ. ಚಳಿಗಾಲದಲ್ಲಿ ಅಲ್ಲಿಯ ಸಮುದ್ರ ಹೆಪ್ಪುಗಟ್ಟುತ್ತದೆ. ಆಗ ಅದಿರು ರೈಲಿನಲ್ಲಿ ಗಡಿ ದಾಟಿ ನಾರ್ವೆಯ ನಾರ್ವಿಕ್ ಬಂದರಿಗೆ ಬರಬೇಕು. ಭೂಪಟದಲ್ಲಿ ನಾರ್ವಿಕ್ ಜಾಸ್ತಿ ಉತ್ತರಕ್ಕಿದೆ, ಆದರೂ ಬೆಚ್ಚಗಿನ ಸಾಗರ ಪ್ರವಾಹದಿಂದ ಅಲ್ಲಿ ನೀರು ಗಟ್ಟಿಯಾಗುವುದಿಲ್ಲ. ಅಲ್ಲಿಂದ ಹಡಗುಗಳು ನಾರ್ವೆಯ ಕರಾವಳಿಗೆ ಅಂಟಿಕೊಂಡು, ತಟಸ್ಥ ನೀರಿನಲ್ಲೇ ದಕ್ಷಿಣಕ್ಕೆ ಇಳಿಯುತ್ತಿದ್ದವು. ಬ್ರಿಟಿಷರು ಇದನ್ನು ನೋಡಿ ಹಲ್ಲು ಕಡಿಯುತ್ತಿದ್ದರು. ಜರ್ಮನರಿಗೆ ಯಾವಾಗ ಇದು ನಿಂತುಹೋಗುತ್ತದೋ ಅನ್ನುವ ಭಯ. ಇಬ್ಬರಿಗೂ ನಾರ್ವೆಯ ಅಂಗಳ ಬೇಕಾಗಿತ್ತು.

ಫೆಬ್ರವರಿಯಲ್ಲಿ ಒಂದು ಘಟನೆ ನಡೆಯಿತು. ಆಲ್ಟ್‌ಮಾರ್ಕ್ ಅನ್ನುವ ಜರ್ಮನ್ ಹಡಗು 299 ಬ್ರಿಟಿಷ್ ಕೈದಿಗಳನ್ನು ಹೊಟ್ಟೆಯಲ್ಲಿಟ್ಟುಕೊಂಡು ನಾರ್ವೆಯ ನೀರಿನಲ್ಲಿ ಸಾಗುತ್ತಿತ್ತು. ಬ್ರಿಟಿಷ್ ನೌಕೆಯೊಂದು ನಾರ್ವೆಯ ಕೊಲ್ಲಿಯೊಳಗೇ ನುಗ್ಗಿ ಅವರನ್ನು ಬಿಡಿಸಿಕೊಂಡು ಹೋಯಿತು. ಬ್ರಿಟನ್ ಬಂದರೆ ನಾರ್ವೆ ತಡೆಯುವುದಿಲ್ಲ ಅಂತ ಹಿಟ್ಲರ್ ತೀರ್ಮಾನ ಮಾಡಿದ. ಕೆಲವೇ ದಿನಗಳಲ್ಲಿ ಜನರಲ್ ಫಾಲ್ಕೆನ್‌ಹೋರ್ಸ್ಟ್‌ನನ್ನು ಕರೆಸಿ, ನಾರ್ವೆಯನ್ನು ಹಿಡಿಯುವ ಯೋಜನೆ ಮಾಡು, ಸಂಜೆ ಬಂದು ಹೇಳು ಅಂದ. ಪಾಪ, ಅವನ ಹತ್ತಿರ ಆ ದೇಶದ ಒಂದು ನಕ್ಷೆಯೂ ಇರಲಿಲ್ಲ. ಅಂಗಡಿಗೆ ಹೋಗಿ ಪ್ರವಾಸಿಗರು ಕೊಳ್ಳುವ ಕೈಪಿಡಿ ಕೊಂಡು, ಹೋಟೆಲ್ ಕೋಣೆಯಲ್ಲಿ ಕೂತು, ಯಾವ್ಯಾವ ಬಂದರು ಹಿಡಿಯಬೇಕು ಅಂತ ಗುರುತು ಹಾಕಿದ.

ಇದು ಹಠಾತ್ ದಾಳಿ ಅನ್ನುತ್ತಾರೆ. ಆದರೆ ಸುಳಿವುಗಳನ್ನು ಎಣಿಸುತ್ತಾ ಹೋದರೆ ತಲೆ ಕೆಡುತ್ತದೆ. ಬರ್ಲಿನ್‌ನಲ್ಲಿ ಜರ್ಮನ್ ಗುಪ್ತಚರ ಇಲಾಖೆಯ ಅಧಿಕಾರಿ ಹಾನ್ಸ್ ಓಸ್ಟರ್ ತಾನೇ ಡಚ್ ಮಿಲಿಟರಿ ಪ್ರತಿನಿಧಿಗೆ ವಿಷಯ ತಿಳಿಸಿದ. ಅದು ನಾರ್ವೆಯ ರಾಯಭಾರ ಕಚೇರಿಯ ಒಬ್ಬರ ಕಿವಿಗೂ ಬಿತ್ತು. ಅಲ್ಲಿಂದ ಮುಂದಕ್ಕೆ ಹೋಗಲಿಲ್ಲ. ಏಪ್ರಿಲ್ 5ರ ಸಂಜೆ ಓಸ್ಲೋದ ಜರ್ಮನ್ ರಾಯಭಾರ ಕಚೇರಿ ಊರಿನ ಗಣ್ಯರನ್ನು ಕರೆದು ಒಂದು ಸಿನಿಮಾ ತೋರಿಸಿತು. ಪೋಲೆಂಡ್ ಮೇಲೆ ಬಾಂಬ್ ಹಾಕಿದ ಚಿತ್ರಗಳು. ಊಟಕ್ಕೆ ಕರೆದು ಚೂರಿ ಮಸೆಯುವುದನ್ನು ತೋರಿಸಿದ ಹಾಗೆ. ಏಪ್ರಿಲ್ 8ರ ಮಧ್ಯಾಹ್ನ ದಕ್ಷಿಣ ಕರಾವಳಿಯ ಲಿಲ್ಲೆಸಾಂಡ್ ಹತ್ತಿರ ‘ರಿಯೊ ಡಿ ಜನೈರೊ’ ಅನ್ನುವ ಜರ್ಮನ್ ಹಡಗನ್ನು ಪೋಲೆಂಡಿನ ಒಂದು ಜಲಾಂತರ್ಗಾಮಿ ಮುಳುಗಿಸಿತು. ಮೀನುಗಾರರು ನೀರಿನಿಂದ ಎತ್ತಿದವರು ಸಮವಸ್ತ್ರ ತೊಟ್ಟ ಸೈನಿಕರು. ಎಲ್ಲಿಗೆ ಹೊರಟಿದ್ದಿರಿ ಅಂದರೆ, ಬರ್ಗನ್‌ಗೆ, ನಿಮ್ಮನ್ನು ಕಾಪಾಡಲು ಅಂದರು! ಇದಕ್ಕಿಂತ ಇನ್ನೇನು ಬೇಕು, ಹೇಳಿ.

ಅಷ್ಟಾದರೂ ಓಸ್ಲೋದಲ್ಲಿ ಸರ್ಕಾರದ ಗಮನ ಎಲ್ಲಿತ್ತು? ಬ್ರಿಟಿಷರ ಮೇಲೆ. ಅವತ್ತೇ ಬೆಳಿಗ್ಗೆ ಬ್ರಿಟಿಷರು ನಾರ್ವೆಯ ನೀರಿನಲ್ಲಿ ಮೈನ್‌ಗಳನ್ನು, ಅಂದರೆ ಹಡಗು ತಗುಲಿದರೆ ಸಿಡಿಯುವ ಬಾಂಬುಗಳನ್ನು ಹಾಕಿದ್ದರು, ಅದಿರಿನ ಹಡಗುಗಳನ್ನು ತಡೆಯಲು. ಅದಕ್ಕೆ ಯಾವ ಮಾತಿನಲ್ಲಿ ಪ್ರತಿಭಟನೆ ಬರೆಯಬೇಕು ಅಂತ ಚರ್ಚೆ ಮಾಡುವುದರಲ್ಲಿ ದಿನ ಕಳೆಯಿತು. ಮುಂಬಾಗಿಲ ಜಗಳದಲ್ಲಿ ಮುಳುಗಿದವರಿಗೆ ಹಿತ್ತಲ ಬಾಗಿಲ ಸದ್ದು ಕೇಳಲಿಲ್ಲ. ಇದನ್ನು ದಡ್ಡತನ ಅಂತ ಸುಮ್ನೆ ಬೈದುಬಿಡುವುದು ಸುಲಭ. ನಾನು ಹಾಗೆ ಅನ್ನುವುದಿಲ್ಲ. ಬ್ರಿಟನ್ನಿನ ನೌಕಾಪಡೆ ಇರುವಾಗ ಜರ್ಮನರು ಸಾವಿರಾರು ಜನರನ್ನು ತುಂಬಿಕೊಂಡು ನಾರ್ವಿಕ್‌ವರೆಗೆ ಸಮುದ್ರ ಏರಿ ಬರುತ್ತಾರೆ ಅನ್ನುವುದನ್ನು ಲಂಡನ್ನಿನವರೂ ನಂಬಿರಲಿಲ್ಲ.

ಆ ರಾತ್ರಿ ಹನ್ನೊಂದರ ಹೊತ್ತಿಗೆ ಓಸ್ಲೋ ಫ್ಯೋರ್ಡ್‌ನ ಬಾಯಲ್ಲಿ ಒಂದು ಸಣ್ಣ ಕಾವಲು ದೋಣಿ ಇತ್ತು. ಫ್ಯೋರ್ಡ್ ಅಂದರೆ ಗುಡ್ಡಗಳ ನಡುವೆ ಸಮುದ್ರ ನಾಲಿಗೆ ಚಾಚಿದ ಹಾಗೆ ಒಳಕ್ಕೆ ಬಂದಿರುವ ಉದ್ದನೆಯ ಕೊಲ್ಲಿ. ದೋಣಿಯ ಹೆಸರು ಪೋಲ್ 3. ತಿಮಿಂಗಿಲ ಬೇಟೆಗೆ ಬಳಸುತ್ತಿದ್ದುದನ್ನು ಕಾವಲಿಗೆ ಹಾಕಿದ್ದರು. ಕತ್ತಲೆಯಲ್ಲಿ ದೀಪ ಆರಿಸಿಕೊಂಡು ಬರುತ್ತಿದ್ದ ಹಡಗುಗಳನ್ನು ಕಂಡು ಅದು ಎಚ್ಚರಿಕೆಯ ಬಾಣಬಿರುಸು ಹಾರಿಸಿತು, ಒಂದು ಯುದ್ಧನೌಕೆಗೆ ಹೋಗಿ ಡಿಕ್ಕಿಯನ್ನೂ ಹೊಡೆಯಿತು. ಕಪ್ತಾನ ಲೈಫ್ ವೆಲ್ಡಿಂಗ್ ಓಲ್ಸೆನ್ ಗುಂಡಿಗೆ ಬಲಿಯಾದ. ಆ ಯುದ್ಧದಲ್ಲಿ ಸತ್ತ ನಾರ್ವೆಯ ಮೊದಲ ಯೋಧ ಅವನೇ. ಕೊಲ್ಲಿಯ ಹೊರಗಿನ ಕೋಟೆಗಳೂ ಗುಂಡು ಹಾರಿಸಿದವು, ಆದರೆ ಮಂಜು ಕವಿದಿತ್ತು. ಹಡಗುಗಳು ಒಳಕ್ಕೆ ಬಂದೇಬಿಟ್ಟವು.

ಈಗ ನಾನು ಹೇಳಲು ಕಾದಿದ್ದ ಜಾಗಕ್ಕೆ ಬರುತ್ತೇನೆ. ಓಸ್ಲೋಗೆ ಹೋಗುವ ದಾರಿಯಲ್ಲಿ ದ್ರೋಬಾಕ್ ಊರಿನ ಹತ್ತಿರ ಕೊಲ್ಲಿ ತೀರಾ ಕಿರಿದಾಗುತ್ತದೆ. ಅಲ್ಲೊಂದು ಪುಟ್ಟ ನಡುಗಡ್ಡೆ. ಅದರ ಮೇಲೆ ಓಸ್ಕರ್ಸ್‌ಬೋರ್ಗ್ ಕೋಟೆ. ಅಲ್ಲಿ ಮೂರು ದೊಡ್ಡ ಫಿರಂಗಿಗಳು. ಮೋಸೆಸ್, ಆರೋನ್, ಜೋಶುವಾ ಅಂತ ಬೈಬಲ್ಲಿನ ಹೆಸರು. ಫಿರಂಗಿ ಕೂರಿಸುವಾಗ ಒಂದು ನೀರಿಗೆ ಬಿದ್ದು, ಎತ್ತಬೇಕಾಯಿತಂತೆ. ನೀರಿನಿಂದ ಎತ್ತಿದ ಮಗುವಲ್ಲವೇ ಮೋಸೆಸ್, ಅದಕ್ಕೇ ಆ ಹೆಸರು. ಇವು 1890ರ ದಶಕದವು. ಮಾಡಿದ್ದು ಯಾರು ಗೊತ್ತಾ? ಜರ್ಮನಿಯ ಕ್ರುಪ್ ಕಾರ್ಖಾನೆ.

ಕೋಟೆಯ ಮುಖ್ಯಸ್ಥ ಕರ್ನಲ್ ಬಿರ್ಗರ್ ಎರಿಕ್ಸೆನ್. ವಯಸ್ಸು 64. ಇನ್ನೇನು ನಿವೃತ್ತಿ ಹತ್ತಿರ. ಕೋಟೆಯಲ್ಲಿ ಇದ್ದವರು ಬಹುತೇಕ ವಾರದ ಹಿಂದೆ ಬಂದು ಸೇರಿದ ಹುಡುಗರು. ಕೆಲಸ ಗೊತ್ತಿದ್ದ ಗೋಲಂದಾಜರು ಒಂದು ಫಿರಂಗಿಗೆ ಸಾಕಾಗುವಷ್ಟು ಮಾತ್ರ. ಎರಿಕ್ಸೆನ್ ಅವರನ್ನೇ ಎರಡು ಪಾಲು ಮಾಡಿದರು. ಉಳಿದ ಕೈಗಳಿಗೆ ಅಡುಗೆಯವರನ್ನೂ ಸೇರಿಸಿಕೊಂಡರು. 250 ಕಿಲೊಗೂ ಜಾಸ್ತಿ ತೂಗುವ ಗುಂಡು. ಮತ್ತೆ ತುಂಬಿ ಹೊಡೆಯುವಷ್ಟರಲ್ಲಿ ಹಡಗು ದಾಟಿಹೋಗಿರುತ್ತದೆ. ಅಂದರೆ ಸಿಕ್ಕುವುದು ಎರಡೇ ಅವಕಾಶ. ನೀರಿನ ಮಟ್ಟದಲ್ಲಿ ಬಂಡೆ ಕೊರೆದು ಕಟ್ಟಿದ್ದ ಟಾರ್ಪಿಡೊ (ನೀರೊಳಗೇ ಸಾಗಿ ಹಡಗಿಗೆ ಬಡಿದು ಸಿಡಿಯುವ ಅಸ್ತ್ರ) ಕೇಂದ್ರವೂ ಒಂದಿತ್ತು, ಅದು ಜರ್ಮನರಿಗೆ ಗೊತ್ತಿರಲಿಲ್ಲ. ಅದರ ಅಧಿಕಾರಿಗೆ ಕಾಯಿಲೆ. ಎದುರು ದಡದ ದ್ರೋಬಾಕ್‌ನಲ್ಲಿ ನಿವೃತ್ತರಾಗಿದ್ದ ಆಂಡ್ರಿಯಾಸ್ ಆಂಡರ್ಸನ್ ಅವರಿಗೆ ಎರಿಕ್ಸೆನ್ ಫೋನ್ ಮಾಡಿದರು. ಅವರು ಹಳೆಯ ಸಮವಸ್ತ್ರ ಹಾಕಿಕೊಂಡು ದೋಣಿ ಹತ್ತಿ ಬಂದರು. ಟಾರ್ಪಿಡೊಗಳಿಗೂ ಸುಮಾರು 40 ವರ್ಷ ವಯಸ್ಸು.

ಬರುತ್ತಿದ್ದುದು ಬ್ಲೂಖರ್. ಜರ್ಮನ್ ನೌಕಾಪಡೆಯ ಹೊಚ್ಚ ಹೊಸ ಕ್ರೂಸರ್, ಅಂದರೆ ದೊಡ್ಡ ಯುದ್ಧನೌಕೆ, ಸೇವೆಗೆ ಸೇರಿ ಏಳು ತಿಂಗಳೂ ಆಗಿರಲಿಲ್ಲ. ಅದರಲ್ಲಿ ಓಸ್ಲೋ ಹಿಡಿಯಬೇಕಾದ ಸೈನಿಕರು, ಜನರಲ್ ಎಂಗೆಲ್‌ಬ್ರೆಕ್ಟ್, ಅವನ ಕಚೇರಿಯ ಸಿಬ್ಬಂದಿ, ಡೆಕ್ ಮೇಲೆ ಮದ್ದುಗುಂಡು, ಇಂಧನದ ಪೀಪಾಯಿಗಳು. ಬೆಳಗಾಗುವುದರೊಳಗೆ ರಾಜ, ಮಂತ್ರಿಗಳು, ಬ್ಯಾಂಕಿನ ಚಿನ್ನ, ಎಲ್ಲ ಒಟ್ಟಿಗೆ ಕೈಗೆ ಬರಬೇಕು ಅನ್ನುವುದು ಯೋಜನೆ.

ಎರಿಕ್ಸೆನ್‌ಗೆ ಆ ಹಡಗು ಯಾರದ್ದು ಅಂತ ಗೊತ್ತಿರಲಿಲ್ಲ. ಜರ್ಮನರದ್ದೋ ಬ್ರಿಟಿಷರದ್ದೋ. ದೇಶ ಯುದ್ಧದಲ್ಲಿದೆಯೋ ಇಲ್ಲವೋ ಅಂತ ಹೇಳುವವರಿಲ್ಲ. ತಟಸ್ಥ ದೇಶದ ನಿಯಮದ ಪ್ರಕಾರ ಮೊದಲು ಎಚ್ಚರಿಕೆಯ ಗುಂಡು ಹಾರಿಸಬೇಕು. ಆದರೆ ಇರುವುದೇ ಎರಡು. ಹೊರಗಿನ ಕೋಟೆಗಳನ್ನು ದಾಟಿ ಬಂದವರಿಗೆ ಎಚ್ಚರಿಕೆ ಆಗಲೇ ಸಿಕ್ಕಿದೆ ಅಂತ ಅವರು ಲೆಕ್ಕ ಹಾಕಿದರು. ಪಕ್ಕದಲ್ಲಿದ್ದವರು ನಿಜವಾಗಿಯೂ ಹೊಡೆಯಬೇಕಾ ಅಂತ ಕೇಳಿದಾಗ ಅವರು ಹೇಳಿದ ಮಾತು ನಾರ್ವೆಯ ಮಕ್ಕಳಿಗೂ ಬಾಯಿಪಾಠ: “ಒಂದೋ ನನಗೆ ಪದಕ ಸಿಗುತ್ತದೆ, ಇಲ್ಲವೇ ಕೋರ್ಟ್ ಮಾರ್ಷಲ್ ಆಗುತ್ತದೆ. ಹೊಡೀರಿ!”

ಹೊತ್ತು 4 ಗಂಟೆ 21 ನಿಮಿಷ. ಎರಡೂ ಗುಂಡು ತಗುಲಿದವು. ಡೆಕ್ ಮೇಲಿನ ಇಂಧನ ಹತ್ತಿಕೊಂಡಿತು. ಉರಿಯುತ್ತಲೇ ಹಡಗು ಮುಂದಕ್ಕೆ ಸಾಗಿತು, ಆಂಡರ್ಸನ್ ಅವರ ಟಾರ್ಪಿಡೊಗಳ ಎದುರಿಗೇ ಬಂತು. ಎರಡು ಟಾರ್ಪಿಡೊ ತಗುಲಿದವು. ಆರೂವರೆಯೊಳಗೆ ಬ್ಲೂಖರ್ ಮಗುಚಿ ಮುಳುಗಿತು. ನೀರಿನ ಮೇಲೆ ಎಣ್ಣೆ ಹರಡಿ ಬೆಂಕಿ. ನೂರಾರು ಜನ ಸತ್ತರು, ಎಷ್ಟೋ ಮಂದಿ ಇಪ್ಪತ್ತು ತುಂಬದ ಹುಡುಗರು. ಇಲ್ಲಿಗೆ ಬಂದಾಗಲೆಲ್ಲ ನಾನು ಒಂದು ಕ್ಷಣ ನಿಲ್ಲುತ್ತೇನೆ. ಮುದುಕ ಕರ್ನಲ್‌ನ ಸಾಹಸ ಅಂತ ಹೇಳಿ ಚಪ್ಪಾಳೆ ಹೊಡೆಸಬಹುದು, ಆದರೆ ಆ ತಣ್ಣೀರಿನಲ್ಲಿ ಇದ್ದವರಲ್ಲಿ ತಾವು ಎಲ್ಲಿಗೆ ಹೊರಟಿದ್ದೇವೆ ಅಂತ ಸಮುದ್ರಕ್ಕೆ ಇಳಿದ ಮೇಲೇ ತಿಳಿದವರೂ ಇದ್ದರು. ಹಿಂದೆ ಬರುತ್ತಿದ್ದ ಹಡಗುಗಳು ತಿರುಗಿ ಹೋಗಿ, ಕೆಳಗೆ ದೂರದಲ್ಲಿ ಜನರನ್ನು ಇಳಿಸಿದವು.

ಅದೇ ಹೊತ್ತಿಗೆ ಓಸ್ಲೋದಲ್ಲಿ ಇನ್ನೊಂದು ದೃಶ್ಯ. ಜರ್ಮನ್ ರಾಯಭಾರಿ ಕುರ್ಟ್ ಬ್ರಾಯರ್ ವಿದೇಶಾಂಗ ಮಂತ್ರಿ ಹಾಲ್ವ್‌ದನ್ ಕೂತ್ ಅವರನ್ನು ಎಬ್ಬಿಸಿ ಒಂದು ಪತ್ರ ಓದುತ್ತಿದ್ದ. ಊರಿಗೆಲ್ಲ ದೀಪ ಆರಿಸಿದ್ದರು. ಇಲಾಖೆಯ ಗ್ರಂಥಾಲಯದಲ್ಲಿ ಮೇಣದಬತ್ತಿ ಹಚ್ಚಿಕೊಂಡು ಇಬ್ಬರೂ ನಿಂತಿದ್ದರು. ನಾವು ಸ್ನೇಹಿತರಾಗಿ ಬರುತ್ತಿದ್ದೇವೆ, ಎದುರು ನಿಲ್ಲಬೇಡಿ ಅನ್ನುವುದು ಪತ್ರದ ಸಾರ. ಕೂತ್ ಒಳಗೆ ಹೋಗಿ ಮಂತ್ರಿಗಳನ್ನು ಕೇಳಿ ಬಂದರು. ನಾವಾಗಿ ಬಗ್ಗುವುದಿಲ್ಲ, ಕಾಳಗ ಆಗಲೇ ಶುರುವಾಗಿದೆ ಅಂದರು. ಎಲ್ಲಿ ಶುರುವಾಗಿತ್ತು? ಆ ಕೊಲ್ಲಿಯಲ್ಲಿ, ಮತ್ತೆ ಬೇರೆ ಬಂದರುಗಳ ಬಾಯಲ್ಲಿ. ನಾರ್ವಿಕ್‌ನಲ್ಲಿ ಎರಡು ಹಳೆಯ ಕರಾವಳಿ ನೌಕೆಗಳು ಶರಣಾಗುವುದಿಲ್ಲ ಅಂದು ಮುಳುಗಿದವು, ಸುಮಾರು 280 ಜನ ಹೋದರು.

ಡೆನ್ಮಾರ್ಕಿನ ಮೇಲೂ ಅದೇ ಬೆಳಗಿನ ಜಾವ ದಾಳಿ. ಅದೇ ಪತ್ರ, ಅದೇ ಬೇಡಿಕೆ. ಎರಡು ಗಂಟೆಯೊಳಗೆ ಅಲ್ಲಿಯ ರಾಜ ಹೊಡೆದಾಟ ನಿಲ್ಲಿಸಿ ಅಂದ. ಆ ರಾಜ ಹತ್ತನೇ ಕ್ರಿಸ್ಟಿಯನ್, ನಮ್ಮ ಹೋಕನ್‌ನ ಸ್ವಂತ ಅಣ್ಣ. ಡೆನ್ಮಾರ್ಕಿನವರು ಹೇಡಿಗಳು ಅಂತ ನಾನು ಹೇಳುತ್ತಿಲ್ಲ. ಅಂಗೈಯಷ್ಟು ಚಪ್ಪಟೆ ನಾಡು, ಅಡಗಲು ಗುಡ್ಡವಿಲ್ಲ, ಜರ್ಮನಿಗೆ ಅಂಟಿಕೊಂಡ ಗಡಿ, ರಾಜಧಾನಿಯ ಬಂದರಿಗೇ ಹಡಗು ಬಂದು ನಿಂತಿತ್ತು. ತಮ್ಮನಿಗೆ ಕೊಲ್ಲಿಯೊಂದು ಅಡ್ಡ ಇತ್ತು, ಅಣ್ಣನಿಗೆ ಇರಲಿಲ್ಲ. ಒಂದೇ ದಾಳಿ, ಎರಡು ತಟಸ್ಥ ದೇಶ. ಒಂದು ಯುದ್ಧಕ್ಕೆ ಇಳಿಯಿತು, ಒಂದು ಇಳಿಯಲಿಲ್ಲ.

ಬೆಳಿಗ್ಗೆ 7 ಗಂಟೆ 23 ನಿಮಿಷಕ್ಕೆ ಓಸ್ಲೋದಿಂದ ಒಂದು ವಿಶೇಷ ರೈಲು ಹೊರಟಿತು. ಸಂಸತ್ತಿನ ಅಧ್ಯಕ್ಷ ಹಾಂಬ್ರೊ ಏರ್ಪಾಡು ಮಾಡಿದ್ದು. ರಾಜನ ಮನೆಯವರು, ಮಂತ್ರಿಗಳು, ಸಂಸದರು, ಎಲ್ಲರೂ ಅದರಲ್ಲಿ. ಬ್ಲೂಖರ್ ಬಂದಿದ್ದರೆ ಈ ರೈಲು ಹೊರಡುತ್ತಿರಲಿಲ್ಲ. ಗೊಂದಲ ಎಷ್ಟಿತ್ತು ಅನ್ನುವುದಕ್ಕೆ ಒಂದೇ ಮಾತು ಸಾಕು: ಸೈನಿಕರನ್ನು ಕರೆಯಲು ಸರ್ಕಾರ ನಿರ್ಧರಿಸಿದ್ದು ಅಂಚೆ ಪತ್ರದ ಮೂಲಕ. ಏಪ್ರಿಲ್ 11ಕ್ಕೆ ಬಂದು ಸೇರಿ ಅಂತ. ಊರೊಳಗೆ ಶತ್ರು, ಚೀಟಿ ಅಂಚೆ ಡಬ್ಬಿಯಲ್ಲಿ! ರೈಲ್ವೆ ನಿಲ್ದಾಣದಲ್ಲಿ ರೇಡಿಯೊದವರು ಕೇಳಿದಾಗ ಕೂತ್ ಬಾಯಿತಪ್ಪಿಯೋ ತಪ್ಪು ತಿಳಿದೋ ಎಲ್ಲರನ್ನೂ ಕರೆದಿದ್ದೇವೆ ಅಂದುಬಿಟ್ಟರು. ಅದನ್ನು ಕೇಳಿ ಪತ್ರ ಬಾರದ ಹುಡುಗರೂ ಗಂಟುಮೂಟೆ ಕಟ್ಟಿಕೊಂಡು ಹೊರಟರು. ಆ ತಪ್ಪು ಮಾತು ಸರ್ಕಾರದ ಸರಿಯಾದ ಆದೇಶಕ್ಕಿಂತ ಜಾಸ್ತಿ ಕೆಲಸ ಮಾಡಿತು ಅನ್ನಿಸುತ್ತದೆ.

ಚಿನ್ನದ ಕತೆ ಹೇಳದಿದ್ದರೆ ನೀವು ಬಿಡುವುದಿಲ್ಲ. ಸುಮಾರು 50 ಟನ್. ಸಾವಿರದ ಐನೂರಕ್ಕೂ ಜಾಸ್ತಿ ಪೆಟ್ಟಿಗೆ, ಪೀಪಾಯಿ. ಬೆಳಿಗ್ಗೆ ಊರಿನಲ್ಲಿ ಸಿಕ್ಕ ಲಾರಿಗಳಿಗೆಲ್ಲ ತುಂಬಿ ಲಿಲ್ಲೆಹಾಮರ್‌ಗೆ ಸಾಗಿಸಿದರು. ಜರ್ಮನರು ಬೆಳಿಗ್ಗೆ ವಿಮಾನದಲ್ಲಿ ಫೋರ್ನೆಬು ನಿಲ್ದಾಣಕ್ಕೆ ಇಳಿದು ಮಧ್ಯಾಹ್ನ ಓಸ್ಲೋಗೆ ನಡೆದು ಬಂದಾಗ ಖಜಾನೆ ಖಾಲಿ. ಅಲ್ಲಿಂದ ಅದು ರೈಲು, ಲಾರಿ, ಬ್ರಿಟಿಷ್ ಯುದ್ಧನೌಕೆ, ಮೀನುಗಾರರ ದೋಣಿ ಅಂತ ಬಾಂಬ್ ಬೀಳುವುದರ ನಡುವೆಯೇ ದಾಟಿ ಹೋಯಿತು. ಕೊನೆಗೆ ಎಣಿಸಿದಾಗ ಕಮ್ಮಿಯಾಗಿದ್ದು 297 ನಾಣ್ಯ. ನಮ್ಮಲ್ಲಿ ಮದುವೆ ಮನೆಯಿಂದ ಮದುವೆ ಮನೆಗೆ ಒಡವೆ ಸಾಗಿಸಿದರೂ ಒಂದು ಉಂಗುರ ಕಳೆಯುತ್ತದೆ, ಅಲ್ವಾ?

ಅವತ್ತು ಸಂಜೆ ವಿಡ್‌ಕುನ್ ಕ್ವಿಸ್ಲಿಂಗ್ ಅನ್ನುವವನು ರೇಡಿಯೊ ಮುಂದೆ ಕೂತು, ನಾನೇ ಪ್ರಧಾನಿ ಅಂದ. ಅವನ ಪಕ್ಷಕ್ಕೆ ಸಂಸತ್ತಿನಲ್ಲಿ ಒಂದು ಸ್ಥಾನವೂ ಇರಲಿಲ್ಲ. ಮನೆಮುರುಕರಿಗೆ ಎಷ್ಟೋ ಭಾಷೆಗಳಲ್ಲಿ ಇವತ್ತಿಗೂ ಅವನ ಹೆಸರೇ ಬೈಗುಳ. ಮರುದಿನ ಬ್ರಾಯರ್ ಎಲ್ವೆರುಮ್ ಊರಿನ ಶಾಲೆಯೊಂದರಲ್ಲಿ ರಾಜನನ್ನು ಕಂಡ. ಕ್ವಿಸ್ಲಿಂಗ್‌ನನ್ನು ಒಪ್ಪಿಕೊಳ್ಳಿ, ನಿಮ್ಮಣ್ಣ ಮಾಡಿದ ಹಾಗೆ ಮಾಡಿ ಅನ್ನುವುದು ಬೇಡಿಕೆ. ಮಂತ್ರಿಗಳು ಸ್ವೀಡನ್ ಗಡಿಯ ಕಡೆಗಿರುವ ನ್ಯೂಬರ್ಗ್‌ಸುಂಡ್ ಅನ್ನುವ ಹಳ್ಳಿಯಲ್ಲಿದ್ದರು. 67 ವರ್ಷದ ರಾಜ ಅಲ್ಲಿಗೆ ಹೋಗಿ ಹೇಳಿದ್ದು ಇಷ್ಟು: ತೀರ್ಮಾನ ನಿಮ್ಮದು, ನಾನು ಒತ್ತಾಯ ಮಾಡುವುದಿಲ್ಲ. ಆದರೆ ಜನರಿಗೂ ಸಂಸತ್ತಿಗೂ ನಂಬಿಕೆಯಿಲ್ಲದ ಮನುಷ್ಯನನ್ನು ನಾನು ಪ್ರಧಾನಿ ಮಾಡಲಾರೆ. ನೀವು ಒಪ್ಪುವುದಾದರೆ ನಾನು ಗದ್ದಿಗೆ ಬಿಡುತ್ತೇನೆ. ಮತ ಹಾಕಿ ತಂದುಕೊಂಡ ರಾಜ ಅಂದೆನಲ್ಲ, ಅವನಿಗೆ ತನ್ನ ಕುರ್ಚಿ ಎಲ್ಲಿಂದ ಬಂತು ಅನ್ನುವುದು ಮರೆತಿರಲಿಲ್ಲ. ಮಂತ್ರಿಗಳು ಅವನ ಜೊತೆ ನಿಂತರು. ಉತ್ತರ ಇಲ್ಲ ಅಂತ ಹೋಯಿತು. 11ರಂದು ಜರ್ಮನ್ ವಿಮಾನಗಳು ಆ ಹಳ್ಳಿಯ ಮೇಲೆ ಬಾಂಬ್ ಸುರಿದವು. ರಾಜ, ಮಗ ಓಲಾವ್ ಇಬ್ಬರೂ ಹಿಮದಲ್ಲಿ ಓಡಿ ಮರಗಳ ನಡುವೆ ಅಡಗಿಕೊಂಡರು.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. 62 ದಿನ ಹೊಡೆದಾಡಿ ನಾರ್ವೆಯ ಸೈನ್ಯ ಜೂನ್ 10ರಂದು ಶಸ್ತ್ರ ಕೆಳಗಿಟ್ಟಿತು. ಬ್ರಿಟಿಷರು, ಫ್ರೆಂಚರು, ಪೋಲೆಂಡಿನವರು ಬಂದರು, ನಾರ್ವಿಕ್ ಮರಳಿ ಗೆದ್ದರು, ಫ್ರಾನ್ಸ್ ಕುಸಿಯುತ್ತಿದೆ ಅಂತ ಬಿಟ್ಟು ಹೋದರು. ರಾಜ ಲಂಡನ್ನಿಗೆ ಹೋದ. ಆದರೆ ಸರ್ಕಾರ ಉಳಿದಿತ್ತು, ಹಾಗಾಗಿ ಸಾವಿರಕ್ಕೂ ಹೆಚ್ಚು ನಾರ್ವೆ ಹಡಗುಗಳು ಮಿತ್ರಪಕ್ಷದ ಸರಕು ಹೊತ್ತವು. ಜರ್ಮನರು ನಾರ್ವಿಕ್‌ನಲ್ಲೇ ಡಿಸ್ಟ್ರಾಯರ್ ಅನ್ನುವ ಜಾತಿಯ ಹತ್ತು ಯುದ್ಧನೌಕೆ ಕಳೆದುಕೊಂಡರು, ಅವರಲ್ಲಿದ್ದುದರಲ್ಲಿ ಅರ್ಧದಷ್ಟು. ಲಂಡನ್ನಿನಲ್ಲಿ ನಾರ್ವೆಯ ಸೋಲಿನ ಚರ್ಚೆಯೇ ಪ್ರಧಾನಿ ಚೇಂಬರ್ಲೇನ್ ಅವರನ್ನು ಇಳಿಸಿ ಚರ್ಚಿಲ್ ಅವರನ್ನು ಕೂರಿಸಿತು. ತಮಾಷೆ ಅಂದರೆ, ಆ ಕಾರ್ಯಾಚರಣೆಯಲ್ಲಿ ಚರ್ಚಿಲ್ ಅವರ ಕೈಯೇ ಜಾಸ್ತಿ ಇತ್ತು.

ಮಾತು ಮುಗಿದ ಮೇಲೆ ಒಬ್ಬ ಹಿರಿಯರು ಕೇಳಿದರು: “ಆ ಕರ್ನಲ್ ಹೊಡೆಯದೇ ಇದ್ದಿದ್ದರೆ?” ಇತಿಹಾಸದಲ್ಲಿ ‘ಇದ್ದಿದ್ದರೆ’ಗೆ ಉತ್ತರ ಕೊಡುವುದು ಕಷ್ಟ ಸಾರ್ ಅಂದೆ. ಆದರೆ ರೈಲು 7:23ಕ್ಕೆ ಹೊರಟಿದ್ದಂತೂ ನಿಜ.

ಹಿಂದಿನ ಸಾಲಿನ ಒಬ್ಬ ಕಾಲೇಜು ಹುಡುಗಿ ಕೇಳಿದ ಪ್ರಶ್ನೆ ಇನ್ನೂ ಚೆನ್ನಾಗಿತ್ತು: “ಪದಕ ಸಿಕ್ಕಿತಾ, ಕೋರ್ಟ್ ಮಾರ್ಷಲ್ ಆಯಿತಾ?” ಎರಡಕ್ಕೂ ಹತ್ತಿರ ಹೋದರು ಅಂದೆ. ಕೋಟೆಯ ಮೇಲೆ ಅವತ್ತು ಇಡೀ ದಿನ ವಿಮಾನಗಳು ಬಾಂಬ್ ಹಾಕಿದವು. ಓಸ್ಲೋ ಬಿದ್ದ ಮೇಲೆ, 10ರ ಬೆಳಿಗ್ಗೆ ಎರಿಕ್ಸೆನ್ ಕೋಟೆ ಒಪ್ಪಿಸಿದರು. ಯುದ್ಧ ಮುಗಿದ ಮೇಲೆ ನಾರ್ವೆ ಅವರಿಗೆ ತನ್ನ ಅತಿ ದೊಡ್ಡ ಯುದ್ಧ ಗೌರವವನ್ನು ಕೊಟ್ಟಿತು. ಜೊತೆಗೇ, ಕೋಟೆಯನ್ನು ಅಷ್ಟು ಬೇಗ ಯಾಕೆ ಬಿಟ್ಟುಕೊಟ್ಟಿರಿ ಅಂತ ಒಂದು ವಿಚಾರಣೆಯೂ ನಡೆಯಿತು. ಅವರು 1958ರಲ್ಲಿ ತೀರಿಕೊಂಡರು. ಬ್ಲೂಖರ್ ಇನ್ನೂ ಅಲ್ಲೇ ಇದೆ, ಕೋಟೆಯಿಂದ ಸ್ವಲ್ಪ ಮುಂದೆ, ಕೊಲ್ಲಿಯ ತಳದಲ್ಲಿ ಮಗುಚಿಕೊಂಡು. ಐವತ್ತು ವರ್ಷ ಕಳೆದ ಮೇಲೂ ಅದರಿಂದ ಎಣ್ಣೆ ಒಸರುತ್ತಿತ್ತು. 1994ರಲ್ಲಿ ಮುಳುಗುಗಾರರು ಕೆಳಗಿಳಿದು ತೂತು ಕೊರೆದು ಎಣ್ಣೆ ಹೊರತೆಗೆದರು, ಪೂರ್ತಿ ಬರಲಿಲ್ಲ.